ಎಲ್ಲರಿಗೂ ಬೇಕಾದ ಲೆಕ್ಕ: ಅಲ್ ಖ್ವಾರಿಝ್ಮಿಯವರ ಗ್ರಂಥ ಮತ್ತು ನಮ್ಮ ಮನೆಯ ಪಾಲು

ಸರ್ವಸ್ತುತಿ ಅಲ್ಲಾಹನಿಗೆ. ಅವನ ಅಂತಿಮ ಪ್ರವಾದಿ ಹಝ್ರತ್ ಮುಹಮ್ಮದ್(ಸ)ರ ಮೇಲೆ ಸಲಾತ್ ಮತ್ತು ಸಲಾಮ್.

ಕಳೆದ ಎರಡು ಜುಮಾಗಳಲ್ಲಿ ನಾವು ವಾರೀಸು ಪಾಲಿನ ಕುರಿತು ಮಾತನಾಡಿದ್ದೆವು. ಖುತ್ಬಾದ ಸಮಯ ಚಿಕ್ಕದು. ಯಾರಿಗೆ ಎಷ್ಟು ಪಾಲು ಎಂದು ಹೇಳಿದೆವು. ಅದನ್ನು ಲೆಕ್ಕ ಹಾಕುವುದು ಹೇಗೆ ಎಂದು ಹೇಳಲು ಸಮಯ ಸಾಲಲಿಲ್ಲ. ನಮಾಝಿನ ನಂತರ ಹಲವರಿಂದ ಕೇಳಿದ್ದು ಒಂದೇ ಮಾತು: "ಹಝ್ರತ್, ಈ ಲೆಕ್ಕ ನಮ್ಮ ತಲೆಗೆ ಹತ್ತುವುದಿಲ್ಲ. ನೀವೇ ಹೇಳಿಬಿಡಿ, ಒಪ್ಪಿಕೊಳ್ಳುತ್ತೇವೆ."

ಈ ನಂಬಿಕೆಗೆ ನಾವು ಆಭಾರಿಗಳು. ಆದರೆ ಲೆಕ್ಕ ಬಾರದವನು ಯಾವಾಗಲೂ ಇನ್ನೊಬ್ಬನ ಲೆಕ್ಕವನ್ನೇ ನಂಬಬೇಕಾಗುತ್ತದೆ. ಇಂದು ಇಮಾಮರನ್ನು ನಂಬುವವರು ನಾಳೆ ಸಾಲ ಕೊಡುವವನನ್ನು ನಂಬುತ್ತಾರೆ, ನಾಡಿದ್ದು ಪಾಲು ಹಂಚುವ ಅಣ್ಣನನ್ನು ನಂಬುತ್ತಾರೆ. ತನಗೆ ಬರಬೇಕಾದುದು ಎಷ್ಟು ಎಂದು ತಿಳಿಯದ ತಂಗಿ, ಅಣ್ಣ ಮುಂದಿಟ್ಟ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿ ಬರುತ್ತಾಳೆ. ವಾರದ ಕಂತಿನ ಸಾಲದಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು ಎಂದು ತಿಳಿಯದ ತಾಯಿ ಕಟ್ಟುತ್ತಲೇ ಹೋಗುತ್ತಾಳೆ. ಲೆಕ್ಕದ ಭಯ ಶಾಲೆಯ ಅಂಕಪಟ್ಟಿಯಲ್ಲಿ ಮುಗಿಯುವ ಸಂಗತಿಯಲ್ಲ. ಅದು ಹಕ್ಕಿನ ಪ್ರಶ್ನೆ.

ಆದ್ದರಿಂದ ಈ ತಿಂಗಳು ಖುತ್ಬಾದ ಸಾರಾಂಶದ ಜೊತೆಗೆ ಸ್ವಲ್ಪ ಚರಿತ್ರೆಯನ್ನೂ ಸ್ವಲ್ಪ ಲೆಕ್ಕವನ್ನೂ ಇಲ್ಲಿ ಇಡುತ್ತಿದ್ದೇವೆ. ಓದುಗರು ಹೆದರಬೇಕಾಗಿಲ್ಲ. ಕೂಡುವುದು, ಕಳೆಯುವುದು, ಗುಣಿಸುವುದು, ಭಾಗಿಸುವುದು ಬಂದರೆ ಸಾಕು.

ಬಗ್ದಾದಿನ ಒಂದು ಚಿಕ್ಕ ಗ್ರಂಥ

ಅಬ್ಬಾಸೀ ಖಲೀಫ ಅಲ್ ಮಅಮೂನ್ 813ರಿಂದ 833ರವರೆಗೆ ಆಳಿದರು. ಬಗ್ದಾದಿನ ಬೈತುಲ್ ಹಿಕ್ಮಾ ಅವರ ಕಾಲದಲ್ಲಿ ವಿದ್ವಾಂಸರಿಂದ ತುಂಬಿತ್ತು. ಗ್ರೀಕ್, ಪಾರ್ಸಿ ಮತ್ತು ನಮ್ಮ ಭಾರತದ ಜ್ಞಾನ ಅಲ್ಲಿ ಅರಬಿ ಭಾಷೆಗೆ ಬರುತ್ತಿತ್ತು. ಅಲ್ಲಿದ್ದವರಲ್ಲಿ ಒಬ್ಬರು ಮುಹಮ್ಮದ್ ಇಬ್ನ್ ಮೂಸಾ ಅಲ್ ಖ್ವಾರಿಝ್ಮಿ. ಅರಲ್ ಸಮುದ್ರದ ದಕ್ಷಿಣಕ್ಕಿರುವ ಖ್ವಾರಝ್ಮ್ ಪ್ರದೇಶದ ಹೆಸರೇ ಅವರ ಹೆಸರಿನಲ್ಲಿದೆ. ಇಂದು ನಮ್ಮ ಮಕ್ಕಳು ಕಂಪ್ಯೂಟರ್ ತರಗತಿಯಲ್ಲಿ ಹೇಳುವ 'ಅಲ್ಗಾರಿದಮ್' ಎಂಬ ಪದ ಅವರ ಹೆಸರೇ, ಲ್ಯಾಟಿನ್ ನಾಲಿಗೆಯಲ್ಲಿ ತಿರುಗಿ ಬಂದದ್ದು. 'ಅಲ್‌ಜೀಬ್ರಾ' ಎಂಬುದು ಅವರ ಗ್ರಂಥದ ಶೀರ್ಷಿಕೆಯಲ್ಲಿರುವ 'ಅಲ್ ಜಬ್ರ್'.

ಸುಮಾರು 820ರ ಹೊತ್ತಿಗೆ ರಚನೆಯಾದ ಆ ಗ್ರಂಥದ ಹೆಸರು 'ಅಲ್ ಕಿತಾಬುಲ್ ಮುಖ್ತಸರ್ ಫೀ ಹಿಸಾಬಿಲ್ ಜಬ್ರಿ ವಲ್ ಮುಕಾಬಲಾ'. ಮುಖ್ತಸರ್ ಎಂದರೆ ಸಂಕ್ಷಿಪ್ತ. ಖಲೀಫರ ಪ್ರೋತ್ಸಾಹದಿಂದ ಇದನ್ನು ಬರೆದುದಾಗಿ ಅವರು ಮುನ್ನುಡಿಯಲ್ಲಿ ತಿಳಿಸುತ್ತಾರೆ. ಲೆಕ್ಕದಲ್ಲಿ ಅತಿ ಸುಲಭವಾದುದನ್ನೂ ಅತಿ ಉಪಯುಕ್ತವಾದುದನ್ನೂ ಮಾತ್ರ ಆರಿಸಿಕೊಂಡುದಾಗಿ ಹೇಳುತ್ತಾರೆ. ಯಾವುದಕ್ಕೆ ಉಪಯುಕ್ತ? ವಾರೀಸು ಪಾಲು, ವಸಿಯ್ಯತ್, ಆಸ್ತಿ ವಿಭಾಗ, ವ್ಯಾಜ್ಯ, ವ್ಯಾಪಾರ, ಭೂಮಿಯ ಅಳತೆ, ಕಾಲುವೆ ತೋಡುವುದು: ಇವೇ ಅವರ ಪಟ್ಟಿ. ಆ ಕಾಲದ ದೊಡ್ಡ ಗಣಿತಜ್ಞರಲ್ಲೊಬ್ಬರು ಲೇಖನಿ ಹಿಡಿದದ್ದು ಪಂಡಿತರನ್ನು ಬೆರಗುಗೊಳಿಸಲು ಅಲ್ಲ, ಖಾಝಿಗೆ, ವ್ಯಾಪಾರಿಗೆ, ಜಮೀನು ಅಳೆಯುವವನಿಗೆ ಕೆಲಸಕ್ಕೆ ಬರಲಿ ಎಂದು.

ಇಡೀ ಗ್ರಂಥದಲ್ಲಿ ನಾವು ಶಾಲೆಯಲ್ಲಿ ಕಂಡ ಎಕ್ಸ್, ವೈ ಯಾವುದೂ ಇಲ್ಲ. ಎಲ್ಲವೂ ಮಾತುಗಳಲ್ಲೇ ಇದೆ. ತಿಳಿಯದ ಮೊತ್ತಕ್ಕೆ ಅವರು 'ಶಯ್' ಎನ್ನುತ್ತಾರೆ, ಎಂದರೆ 'ಒಂದು ವಸ್ತು'. ವರ್ಗಕ್ಕೆ 'ಮಾಲ್' ಎನ್ನುತ್ತಾರೆ. ನಾವು ಈಗಲೂ ಸೊತ್ತು, ಸರಕು ಎಂಬ ಅರ್ಥದಲ್ಲಿ ಬಳಸುವ ಅದೇ ಮಾಲು. ಓದು ಬಲ್ಲ ಯಾರೂ ಅದರೊಳಗೆ ಹೆಜ್ಜೆ ಇಡಬಹುದಿತ್ತು.

ಜಬ್ರ್ ಎಂದರೇನು, ಮುಕಾಬಲಾ ಎಂದರೇನು?

ಅರಬಿಯಲ್ಲಿ ಜಬ್ರ್ ಎಂಬ ಪದಕ್ಕೆ ಮುರಿದುದನ್ನು ಸರಿಪಡಿಸುವುದು, ಕೊರತೆಯನ್ನು ತುಂಬುವುದು ಎಂಬ ಅರ್ಥವಿದೆ. ಮುರಿದ ಮೂಳೆಯನ್ನು ಕೂಡಿಸಿ ಕಟ್ಟುವುದಕ್ಕೂ ಅದೇ ಪದ. ಸ್ಪೇನ್ ದೇಶದಲ್ಲಿ ಬಹುಕಾಲ 'ಅಲ್‌ಜೆಬ್ರಿಸ್ತಾ' ಎಂದರೆ ಮೂಳೆ ಕಟ್ಟುವವನು ಎಂದೇ ಅರ್ಥವಿತ್ತು. ಮುಕಾಬಲಾ ಎಂದರೆ ಎದುರುಬದುರು ಇಟ್ಟು ಸರಿದೂಗಿಸುವುದು.

ಕಿರಾಣಿ ಅಂಗಡಿಯ ತಕ್ಕಡಿಯನ್ನು ನೆನೆಯಿರಿ. ಒಂದು ಅಕ್ಕಿ ಚೀಲದಿಂದ 3 ಕಿಲೋ ತೆಗೆದ ಮೇಲೆ ಅದು 22 ಕಿಲೋ ತೂಗಿತು. ತುಂಬಿದ ಚೀಲ ಎಷ್ಟಿತ್ತು? ತೆಗೆದ 3 ಕಿಲೋವನ್ನು ಮತ್ತೆ ಹಾಕಿ, ಎದುರಿನ ತಟ್ಟೆಗೂ 3 ಕಿಲೋ ಹಾಕಿ. 25 ಕಿಲೋ. ಕೊರತೆ ತುಂಬಿತು. ಇದು ಜಬ್ರ್.

ಇನ್ನೊಂದು. ಒಂದು ತಟ್ಟೆಯಲ್ಲಿ ಎರಡು ಚೀಲ ಮತ್ತು 5 ಕಿಲೋ ಬಟ್ಟು. ಎದುರಿನ ತಟ್ಟೆಯಲ್ಲಿ ಅಂಥದೇ ಒಂದು ಚೀಲ ಮತ್ತು 30 ಕಿಲೋ ಬಟ್ಟು. ತಕ್ಕಡಿ ಸಮವಾಗಿ ನಿಂತಿದೆ. ಎರಡೂ ಕಡೆಯಿಂದ ಒಂದೊಂದು ಚೀಲ ಇಳಿಸಿ, 5 ಕಿಲೋ ಇಳಿಸಿ. ಒಂದು ಕಡೆ ಒಂದು ಚೀಲ, ಇನ್ನೊಂದು ಕಡೆ 25 ಕಿಲೋ ಉಳಿಯಿತು. ಇದು ಮುಕಾಬಲಾ. ಎಂಟನೇ ತರಗತಿಯ ಮಗು ಪುಸ್ತಕದಲ್ಲಿ ಕಂಡು ಹೆದರುವ ಸಮೀಕರಣ ಇದೇ. ಅಂಗಡಿಯವರು ದಿನವೂ ಮಾಡುವ ಕೆಲಸಕ್ಕೆ ಪುಸ್ತಕ ಬೇರೆ ಬಟ್ಟೆ ತೊಡಿಸಿದೆ, ಅಷ್ಟೇ.

ಅವರ ಗ್ರಂಥದ ಅತ್ಯಂತ ಹೆಸರಾದ ಲೆಕ್ಕ ಇನ್ನೂ ಸ್ವಲ್ಪ ಆಳದ್ದು. ಒಂದು ಚೌಕವಿದೆ, ಅದರ ಬದಿ ಎಷ್ಟೆಂದು ಗೊತ್ತಿಲ್ಲ. ಚೌಕದ ವಿಸ್ತೀರ್ಣಕ್ಕೆ ಅದರ ಬದಿಯ ಹತ್ತರಷ್ಟನ್ನು ಕೂಡಿಸಿದರೆ 39. ಬದಿ ಎಷ್ಟು? ಅವರು ಇದನ್ನು ಚಿತ್ರ ಬರೆದು ತೋರಿಸುತ್ತಾರೆ. ನಾವು ಚಾಪೆ ಎಂದುಕೊಳ್ಳೋಣ. ಒಂದು ಚೌಕ ಚಾಪೆ ಹಾಸಿ. ಹತ್ತನ್ನು ಎರಡು ಐದಾಗಿ ಮಾಡಿ, ಚಾಪೆಯ ಬಲಬದಿಗೆ 5 ಅಗಲದ ಒಂದು ಪಟ್ಟಿ, ಕೆಳಬದಿಗೆ 5 ಅಗಲದ ಇನ್ನೊಂದು ಪಟ್ಟಿ ಹಾಸಿ. ಚಾಪೆ ಮತ್ತು ಎರಡು ಪಟ್ಟಿ ಸೇರಿ 39. ಈಗ ಮೂಲೆಯಲ್ಲಿ ಒಂದು ಜಾಗ ಖಾಲಿ ಉಳಿಯಿತು. ಅದು 5ಕ್ಕೆ 5, ಎಂದರೆ 25. ಅದನ್ನೂ ತುಂಬಿಬಿಟ್ಟರೆ 39 ಮತ್ತು 25 ಸೇರಿ 64ರ ಒಂದು ಪೂರ್ಣ ದೊಡ್ಡ ಚೌಕ. 64ರ ಚೌಕದ ಬದಿ 8. ಅದರಲ್ಲಿ ಪಟ್ಟಿಯ ಅಗಲ 5 ಕಳೆದರೆ 3. ನಮ್ಮ ಚಾಪೆಯ ಬದಿ 3. ತಾಳೆ ನೋಡಿ: 3 ಗುಣಿಸು 3 ಎಂದರೆ 9, ಹತ್ತು ಮೂರಲ 30, ಒಟ್ಟು 39.

ಶಾಲೆಯ ಗಣಿತದಲ್ಲಿ 'ವರ್ಗ ಪೂರ್ಣಗೊಳಿಸುವ ವಿಧಾನ' ಎನ್ನುವುದು ಇದನ್ನೇ. ಮೂಲೆಯ ಖಾಲಿ ಜಾಗವನ್ನು ಕಣ್ಣಾರೆ ಕಂಡ ಮಗುವಿಗೆ ಸೂತ್ರ ಮರೆತರೂ ದಾರಿ ಮರೆಯುವುದಿಲ್ಲ.

ಗ್ರಂಥದ ಅರ್ಧ ಭಾಗ ವಾರೀಸಿಗೆ

ಈ ಗ್ರಂಥದ ಸುಮಾರು ಅರ್ಧ ಭಾಗ ವಸಿಯ್ಯತ್ ಮತ್ತು ವಾರೀಸಿನ ಲೆಕ್ಕಗಳೇ ಎಂಬುದು ಹೆಚ್ಚಿನವರಿಗೆ ತಿಳಿಯದು. ಅದಕ್ಕೊಂದು ಕಾರಣವಿದೆ. 12ನೇ ಶತಮಾನದಲ್ಲಿ ಯುರೋಪಿನ ವಿದ್ವಾಂಸರು ಇದನ್ನು ಲ್ಯಾಟಿನ್‌ಗೆ ತಂದರು. 1145ರಲ್ಲಿ ಸ್ಪೇನಿನ ಸೆಗೋವಿಯಾದಲ್ಲಿ ಚೆಸ್ಟರಿನ ರಾಬರ್ಟ್ ಅನುವಾದಿಸಿದರು. ಕ್ರೆಮೋನಾದ ಜೆರಾರ್ಡ್ ಇನ್ನೊಂದು ಅನುವಾದ ಮಾಡಿದರು. ಇಬ್ಬರೂ ವಾರೀಸಿನ ಭಾಗವನ್ನು ಬಿಟ್ಟರು. ನಮ್ಮ ಶರೀಅತ್ತಿನ ಪಾಲಿನ ಲೆಕ್ಕ ಅವರ ನಾಡಿಗೆ ಬೇಕಾಗಿರಲಿಲ್ಲ, ಅದು ಸಹಜ. ಆದರೆ ಆ ಭಾಗ ಯಾರಿಗಾಗಿ ಬರೆಯಲ್ಪಟ್ಟಿತೋ ಆ ಮನೆಗಳಲ್ಲೂ ಇಂದು ಅದು ಮರೆತುಹೋಗಿದೆ. ಇದು ಸಹಜವಲ್ಲ.

ಅದರಲ್ಲಿನ ಒಂದು ಲೆಕ್ಕ ನೋಡೋಣ. ಒಬ್ಬ ಮಹಿಳೆ ತೀರಿಕೊಂಡಿದ್ದಾರೆ. ಗಂಡ, ಒಬ್ಬ ಮಗ, ಮೂವರು ಹೆಣ್ಣುಮಕ್ಕಳು ಇದ್ದಾರೆ. ತನ್ನ ಆಸ್ತಿಯ ಎಂಟರಲ್ಲೊಂದು ಮತ್ತು ಏಳರಲ್ಲೊಂದು ಪಾಲನ್ನು ವಾರೀಸಲ್ಲದ ಒಬ್ಬರಿಗೆ ವಸಿಯ್ಯತ್ ಮಾಡಿದ್ದಾರೆ. ಯಾರಿಗೆ ಎಷ್ಟು?

ಮೊದಲು ವಸಿಯ್ಯತ್. ಎಂಟು ಏಳಲ 56. ಅದರ ಎಂಟರಲ್ಲೊಂದು 7, ಏಳರಲ್ಲೊಂದು 8, ಕೂಡಿದರೆ 15. ಎಂದರೆ 56 ಭಾಗಗಳಲ್ಲಿ 15 ವಸಿಯ್ಯತ್ತಿಗೆ ಹೋಯಿತು. ಇದು ಮೂರರಲ್ಲೊಂದಕ್ಕಿಂತ ಕಡಿಮೆ, ಆದ್ದರಿಂದ ಸಿಂಧು. ಉಳಿದದ್ದು 41 ಭಾಗ. ಇನ್ನು ಮನೆಯವರು. ಮಕ್ಕಳಿರುವುದರಿಂದ ಗಂಡನಿಗೆ ನಾಲ್ಕರಲ್ಲೊಂದು. ಉಳಿದ ಮುಕ್ಕಾಲಿನಲ್ಲಿ ಮಗನಿಗೆ ಎರಡು, ಮಗಳಿಗೆ ಒಂದರಂತೆ ಐದು ಪಾಲು. ನಾಲ್ಕು ಐದಲ 20 ಎಂದಿಟ್ಟುಕೊಂಡರೆ ಗಂಡನಿಗೆ 5, ಮಗನಿಗೆ 6, ಹೆಣ್ಣುಮಕ್ಕಳಿಗೆ ತಲಾ 3. ಈ ಎರಡು ಲೆಕ್ಕಗಳನ್ನು ಕೂಡಿಸಲು 56ನ್ನು 20ರಿಂದ ಗುಣಿಸಿ: 1120.

ಆಸ್ತಿ 11,20,000 ರೂಪಾಯಿ ಎಂದುಕೊಳ್ಳಿ. ವಸಿಯ್ಯತ್ತಿಗೆ 3,00,000. ಗಂಡನಿಗೆ 2,05,000. ಮಗನಿಗೆ 2,46,000. ಪ್ರತಿ ಮಗಳಿಗೆ 1,23,000. ಎಲ್ಲವನ್ನೂ ಕೂಡಿಸಿ ನೋಡಿ. ಒಂದು ರೂಪಾಯಿ ಹೆಚ್ಚಿಲ್ಲ, ಕಡಿಮೆಯಿಲ್ಲ.

ಸಹೋದರಿಯರು ಇದನ್ನು ಇನ್ನೊಮ್ಮೆ ಓದಬೇಕು. ಸುಮಾರು 1200 ವರ್ಷಗಳ ಹಿಂದಿನ ಈ ಉದಾಹರಣೆಯಲ್ಲಿ ಆಸ್ತಿ ಹೆಣ್ಣಿನದು. ವಸಿಯ್ಯತ್ ಬರೆದವಳೂ ಅವಳೇ. ಮೂವರು ಹೆಣ್ಣುಮಕ್ಕಳ ಪಾಲು ಕೊನೆಯ ಅಂಕಿಯವರೆಗೂ ಬರೆಯಲ್ಪಟ್ಟಿದೆ. 'ಮದುವೆಗೆ ಖರ್ಚು ಮಾಡಿದ್ದೇವಲ್ಲ, ಅದರಲ್ಲೇ ಮುಗಿಯಿತು' ಎಂಬ ಸಾಲು ಆ ಲೆಕ್ಕದಲ್ಲಿ ಎಲ್ಲೂ ಇಲ್ಲ.

ಮಿಂಬರಿನ ಮೇಲೆ ಬಂದ ಲೆಕ್ಕ

ಪವಿತ್ರ ಕುರ್‌ಆನ್‌ನ ಸೂರಃ ಅನ್ನಿಸಾದ 11, 12 ಮತ್ತು 176ನೇ ವಚನಗಳಲ್ಲಿ ಆರು ಪಾಲುಗಳು ಬರುತ್ತವೆ: ಅರ್ಧ, ಕಾಲು, ಎಂಟರಲ್ಲೊಂದು, ಮೂರರಲ್ಲೆರಡು, ಮೂರರಲ್ಲೊಂದು, ಆರರಲ್ಲೊಂದು. ಇವುಗಳನ್ನು ಕೂಡಿಸುವಾಗ ಕೆಲವೊಮ್ಮೆ ಮೊತ್ತ ಒಂದನ್ನು ಮೀರುತ್ತದೆ. ಆಗ ಏನು ಮಾಡುವುದು?

ಹಝ್ರತ್ ಅಲಿ(ರ) ಮಿಂಬರಿನ ಮೇಲಿದ್ದಾಗ ಇಂಥದೇ ಪ್ರಶ್ನೆ ಬಂತೆಂದು ಫಿಕ್ಹ್ ಗ್ರಂಥಗಳಲ್ಲಿ ದಾಖಲಾಗಿದೆ. ಒಬ್ಬ ವ್ಯಕ್ತಿ ಹೆಂಡತಿ, ಇಬ್ಬರು ಹೆಣ್ಣುಮಕ್ಕಳು, ತಂದೆ ಮತ್ತು ತಾಯಿಯನ್ನು ಬಿಟ್ಟು ತೀರಿಕೊಂಡಿದ್ದಾನೆ. ಆಸ್ತಿಯನ್ನು 24 ಭಾಗ ಮಾಡಿದರೆ ಹೆಂಡತಿಗೆ 3, ಹೆಣ್ಣುಮಕ್ಕಳಿಗೆ ಒಟ್ಟು 16, ತಂದೆಗೆ 4, ತಾಯಿಗೆ 4. ಮೊತ್ತ 27! ಇರುವುದು 24 ಭಾಗ ಮಾತ್ರ. ಅವರು ಮಾತು ನಿಲ್ಲಿಸದೆ, ಹೆಂಡತಿಯ ಎಂಟರಲ್ಲೊಂದು ಈಗ ಒಂಬತ್ತರಲ್ಲೊಂದಾಯಿತು ಎಂದು ಉತ್ತರಿಸಿ ಮುಂದುವರಿದರಂತೆ. ಆಸ್ತಿಯನ್ನೇ 27 ಭಾಗ ಮಾಡಿದರೆ ಹೆಂಡತಿಯ 3 ಭಾಗ ಎಂದರೆ ಒಂಬತ್ತರಲ್ಲೊಂದೇ ತಾನೇ? ಎಲ್ಲರ ಪಾಲೂ ಒಂದೇ ಪ್ರಮಾಣದಲ್ಲಿ ಕುಗ್ಗಿತು, ಯಾರೊಬ್ಬರೂ ಬರಿಗೈಯಲ್ಲಿ ಹೋಗಲಿಲ್ಲ. ಇದಕ್ಕೆ 'ಔಲ್' ಎಂದು ಹೆಸರು. ಈ ಪ್ರಶ್ನೆಗೆ 'ಮಸ್‌ಅಲಾ ಮಿಂಬರಿಯ್ಯಾ' ಎಂದೇ ಹೆಸರಾಯಿತು. ಮಿಂಬರಿನಲ್ಲಿ ಲೆಕ್ಕವೇಕೆ ಎಂದು ಕೇಳುವವರಿಗೆ ಇದೇ ನಮ್ಮ ಉತ್ತರ.

ಕುಶಲಕರ್ಮಿಗಳ ಜೊತೆ ಕುಳಿತ ವಿದ್ವಾಂಸ

ಅಲ್ ಖ್ವಾರಿಝ್ಮಿಯವರ ನಂತರದ ಶತಮಾನದಲ್ಲಿ ಬಗ್ದಾದಿನಲ್ಲಿ ಅಬುಲ್ ವಫಾ ಅಲ್ ಬೂಝಜಾನಿ (940-998) ಇದ್ದರು. ಅವರು ಲೆಕ್ಕ ಬರೆಯುವ ಗುಮಾಸ್ತರಿಗಾಗಿ ಮತ್ತು ವ್ಯಾಪಾರಿಗಳಿಗಾಗಿ ಒಂದು ಗ್ರಂಥ, ಕುಶಲಕರ್ಮಿಗಳಿಗಾಗಿ ರೇಖಾಗಣಿತದ ಇನ್ನೊಂದು ಗ್ರಂಥ ಬರೆದರು. ಗುಮಾಸ್ತರ ಗ್ರಂಥದಲ್ಲಿ ಅವರು ಅಂಕಿಗಳನ್ನೇ ಬಳಸಲಿಲ್ಲ. ಏಕೆಂದರೆ ಆ ಓದುಗರಿಗೆ ರೂಢಿಯಿದ್ದದ್ದು ಬೆರಳಿನ ಲೆಕ್ಕ. ಓದುಗ ಇರುವಲ್ಲಿಗೇ ಅವರು ಹೋದರು.

ಎರಡನೆಯ ಗ್ರಂಥದಲ್ಲಿ ಅವರು ಕುಶಲಕರ್ಮಿಗಳೂ ಗಣಿತಜ್ಞರೂ ಒಟ್ಟಿಗೆ ಕುಳಿತ ಚರ್ಚೆಯ ಬಗ್ಗೆ ಬರೆಯುತ್ತಾರೆ. ಪ್ರಶ್ನೆ: ಸಮಾನವಾದ ಮೂರು ಚೌಕಗಳನ್ನು ಕತ್ತರಿಸಿ ಒಂದೇ ಚೌಕ ಮಾಡುವುದು ಹೇಗೆ? ಗಣಿತಜ್ಞರಿಗೆ ಸಾಧನೆ ಗೊತ್ತು, ಕತ್ತರಿಸುವುದು ಗೊತ್ತಿಲ್ಲ. ಕುಶಲಕರ್ಮಿಗಳಿಗೆ ಕತ್ತರಿಸುವುದು ಗೊತ್ತು, ಆದರೆ ಅವರ ಕೆಲವು ವಿಧಾನಗಳು ಕಣ್ಣಿಗೆ ಸರಿ ಕಂಡರೂ ಅಳತೆಯಲ್ಲಿ ತಪ್ಪು. ಅವರು ಇಬ್ಬರಿಗೂ ಒಪ್ಪುವ ದಾರಿ ತೋರಿಸಿದರು. ಭಾನುವಾರ ಮಕ್ಕಳೊಂದಿಗೆ ನೀವೂ ಮಾಡಿ ನೋಡಿ. ಕಾಗದದ ಮೂರು ಸಮಾನ ಚೌಕ ತೆಗೆದುಕೊಳ್ಳಿ. ಎರಡನ್ನು ಮೂಲೆಯಿಂದ ಮೂಲೆಗೆ ಕತ್ತರಿಸಿದರೆ ನಾಲ್ಕು ತ್ರಿಕೋನ. ಮೂರನೆಯ ಚೌಕವನ್ನು ನಡುವೆ ಇಡಿ. ಪ್ರತಿ ಬದಿಗೆ ಒಂದೊಂದು ತ್ರಿಕೋನದ ಉದ್ದದ ಬದಿಯನ್ನು ತಾಗಿಸಿ. ಅದರ ಒಂದು ತುದಿ ಚೌಕದ ಮೂಲೆಗೆ ಸರಿಯಾಗಿ ಕೂಡಲಿ, ಇನ್ನೊಂದು ತುದಿ ಹೊರಚಾಚಲಿ. ಸುತ್ತಲೂ ಒಂದೇ ದಿಕ್ಕಿನಲ್ಲಿ ಹೀಗೆ ಇಡಿ. ಈಗ ನಾಲ್ಕು ತ್ರಿಕೋನಗಳ ಲಂಬಕೋನದ ತುದಿಗಳನ್ನು ಗೆರೆ ಎಳೆದು ಸೇರಿಸಿ. ಗೆರೆಯ ಹೊರಗುಳಿದ ಚಿಕ್ಕ ತುಂಡುಗಳನ್ನು ಕತ್ತರಿಸಿದರೆ, ಒಳಗಿನ ಖಾಲಿ ಜಾಗಗಳಲ್ಲಿ ಅವು ಸರಿಯಾಗಿ ಕೂರುತ್ತವೆ. ದೊಡ್ಡ ಚೌಕ ಸಿದ್ಧ. ನೆಲಕ್ಕೆ ಟೈಲ್ಸ್ ಹಾಕುವ ನಮ್ಮ ಸಹೋದರರಿಗೆ ಇದು ಬೇಗ ಹೊಳೆಯುತ್ತದೆ.

ನಮ್ಮ ನೆಲದ ಸಾಲ

ಈ ಕಥೆ ಬಗ್ದಾದಿನದು ಮಾತ್ರ ಎಂದು ಯಾರೂ ತಿಳಿಯಬಾರದು. ಅಲ್ ಖ್ವಾರಿಝ್ಮಿಯವರೇ ಭಾರತದ ಅಂಕಿಗಳಿಂದ ಲೆಕ್ಕ ಮಾಡುವ ಬಗೆಯ ಕುರಿತು ಬೇರೊಂದು ಗ್ರಂಥ ಬರೆದಿದ್ದರು. ಅರಬಿಯಲ್ಲಿ ಆ ಅಂಕಿಗಳ ಹೆಸರೇ 'ಅರ್ಕಾಮ್ ಹಿಂದಿಯ್ಯಾ', ಹಿಂದ್ ದೇಶದ ಅಂಕಿಗಳು. ಪಡೆದುದನ್ನು ಯಾರಿಂದ ಪಡೆದೆವು ಎಂದು ಹೆಸರಿನಲ್ಲೇ ಹೇಳುವುದು ಅಮಾನತ್ತಿನ ನಡತೆ.

ಬಗ್ದಾದಿನಲ್ಲಿ ಅಲ್ ಮಅಮೂನ್ ಆಳುತ್ತಿದ್ದಾಗಲೇ ನಮ್ಮ ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡ, ಆಗಿನ ಮಾನ್ಯಖೇಟದ ರಾಷ್ಟ್ರಕೂಟ ಸಿಂಹಾಸನಕ್ಕೆ ಅಮೋಘವರ್ಷ ನೃಪತುಂಗ ಬಂದಿದ್ದರು. ರಾಷ್ಟ್ರಕೂಟ ದೊರೆಗಳನ್ನು ಅರಬ್ ಬರಹಗಾರರು 'ಬಲ್ಹರಾ' ಎಂದು ಕರೆದು, ಅರಬರನ್ನು ಆದರಿಸುವವರೆಂದು ಹೊಗಳಿದ್ದಾರೆ. ಅದೇ ನೃಪತುಂಗರ ಕಾಲದಲ್ಲಿ, ಸುಮಾರು 850ರಲ್ಲಿ, ಜೈನ ಗಣಿತಜ್ಞ ಮಹಾವೀರಾಚಾರ್ಯರು ಸಂಸ್ಕೃತದಲ್ಲಿ 'ಗಣಿತಸಾರಸಂಗ್ರಹ' ಬರೆದರು. ಅದರ ಲೆಕ್ಕಗಳಲ್ಲಿ ಹಣ್ಣುಗಳಿವೆ, ದಾರಿಹೋಕರಿದ್ದಾರೆ, ದಾರಿಯಲ್ಲಿ ಸಿಕ್ಕ ಹಣದ ಚೀಲವಿದೆ. ಒಂದು ಲೆಕ್ಕ ಹೀಗಿದೆ: ಸಮಾನವಾದ 63 ಬಾಳೆಹಣ್ಣಿನ ರಾಶಿ, ಜೊತೆಗೆ ಬಿಡಿಯಾಗಿ 7 ಹಣ್ಣು. 23 ಪ್ರಯಾಣಿಕರು ಎಲ್ಲವನ್ನೂ ಸಮನಾಗಿ ಹಂಚಿಕೊಂಡರು. ಒಂದು ರಾಶಿಯಲ್ಲಿ ಎಷ್ಟು ಹಣ್ಣು? ಸ್ವಲ್ಪ ಹೊತ್ತು ಪ್ರಯತ್ನಿಸಿ, ಆಮೇಲೆ ಮುಂದೆ ಓದಿ. ಅತಿ ಚಿಕ್ಕ ಉತ್ತರ 5. 63 ಗುಣಿಸು 5 ಎಂದರೆ 315, ಕೂಡಿಸು 7 ಎಂದರೆ 322. ತಲಾ 14 ಹಣ್ಣು.

12ನೇ ಶತಮಾನದಲ್ಲಿ ರಾಜಾದಿತ್ಯ ಕವಿ 'ವ್ಯವಹಾರಗಣಿತ'ವನ್ನು ಕನ್ನಡದಲ್ಲೇ ಬರೆದರು. ಹೆಸರನ್ನೇ ಗಮನಿಸಿ, ವ್ಯವಹಾರಕ್ಕೆ ಬೇಕಾದ ಗಣಿತ. ಅದೇ ಶತಮಾನದಲ್ಲಿ, 1150ರಲ್ಲಿ, ಭಾಸ್ಕರಾಚಾರ್ಯರು 'ಲೀಲಾವತಿ'ಯನ್ನು ರಚಿಸಿದರು. ಅಕ್ಬರ್ ಬಾದಶಹರ ಇಚ್ಛೆಯಂತೆ ಕವಿ ಫೈಝಿ 1587ರಲ್ಲಿ ಅದನ್ನು ಪಾರ್ಸಿಗೆ ಅನುವಾದಿಸಿದರು. ಭಾಸ್ಕರಾಚಾರ್ಯರು ಮಗಳ ಹೆಸರು ಉಳಿಯಲೆಂದು ಆ ಗ್ರಂಥ ಬರೆದರೆಂಬ ಪ್ರಸಿದ್ಧ ಕಥೆ ನಮಗೆ ಸಿಗುವುದು ಫೈಝಿಯವರ ಅನುವಾದದಿಂದಲೇ. ಕಥೆ ಎಷ್ಟು ನಿಜವೋ ಅಲ್ಲಾಹನೇ ಬಲ್ಲ. ಆದರೆ ಮಗಳಿಗಾಗಿ ಬರೆದ ಲೆಕ್ಕದ ಪುಸ್ತಕ ಎಂಬ ಮಾತನ್ನು ಜನ ಇಷ್ಟು ಕಾಲ ಪ್ರೀತಿಯಿಂದ ಹೇಳಿಕೊಂಡು ಬಂದಿದ್ದಾರೆ.

ಈಗ ನಮ್ಮ ಕೆಲಸ

ಈ ಹಿರಿಯರೆಲ್ಲ ಒಂದು ವಿಷಯದಲ್ಲಿ ಒಂದೇ ದಾರಿ ಹಿಡಿದರು. ಲೆಕ್ಕವನ್ನು ಜನರ ಕೈಯಲ್ಲಿದ್ದ ವಸ್ತುವಿನಿಂದ ಆರಂಭಿಸಿದರು: ತಕ್ಕಡಿ, ಹಣ್ಣು, ಕಲ್ಲು, ಮನೆಯ ಪಾಲು. ನಮ್ಮ ಮದ್ರಸಾಗಳಲ್ಲೂ ಫರಾಯಿಝ್ ಪಾಠವನ್ನು ಬಾಯಿಪಾಠದಲ್ಲಿ ನಿಲ್ಲಿಸದೆ ಕರಿಹಲಗೆಯ ಮೇಲೆ ಲೆಕ್ಕ ಮಾಡಿಸಬೇಕು. ಹುಡುಗಿಯರಿಂದಲೂ ಮಾಡಿಸಬೇಕು, ಅವರಿಂದ ಇನ್ನೂ ಹೆಚ್ಚಾಗಿ.

ಓದುಗರಿಗೆ ಒಂದು ಅಭ್ಯಾಸ. ಒಬ್ಬರು ತೀರಿಕೊಂಡಿದ್ದಾರೆ. ಕಫನ್ ದಫನ್ ಖರ್ಚು, ಸಾಲ, ಹೆಂಡತಿಯ ಬಾಕಿ ಮಹರ್ ಎಲ್ಲವನ್ನೂ ತೀರಿಸಿದ ಮೇಲೆ 9,60,000 ರೂಪಾಯಿ ಉಳಿದಿದೆ. ವಸಿಯ್ಯತ್ ಇಲ್ಲ. ಹೆಂಡತಿ, ತಾಯಿ, ಒಬ್ಬ ಮಗ, ಇಬ್ಬರು ಹೆಣ್ಣುಮಕ್ಕಳು ಇದ್ದಾರೆ. ಹೆಂಡತಿಗೆ ಎಂಟರಲ್ಲೊಂದು, 1,20,000. ತಾಯಿಗೆ ಆರರಲ್ಲೊಂದು, 1,60,000. ಉಳಿದ 6,80,000ದಲ್ಲಿ ನಾಲ್ಕು ಪಾಲು. ಮಗನಿಗೆ ಎರಡು ಪಾಲು 3,40,000, ಪ್ರತಿ ಮಗಳಿಗೆ ಒಂದು ಪಾಲು 1,70,000. ಇದನ್ನು ಮನೆಯಲ್ಲಿ ಎಲ್ಲರೂ ಕುಳಿತು, ಮಕ್ಕಳ ಕೈಯಿಂದಲೇ ಕಾಗದದ ಮೇಲೆ ಬರೆಯಿಸಿ ನೋಡಿ. ಅಂಕಿಗಳನ್ನು ಬದಲಿಸಿ ಮತ್ತೆ ಮಾಡಿಸಿ.

ನಿಜವಾದ ಸಂದರ್ಭ ಬಂದಾಗ ಬಲ್ಲವರಲ್ಲಿ ಕೇಳುವುದು ಅಗತ್ಯವೇ. ವಾರೀಸರಲ್ಲಿ ಒಬ್ಬರು ಬದಲಾದರೂ ಪಾಲುಗಳು ಬದಲಾಗುತ್ತವೆ. ಆದರೆ ಕೇಳಲು ಬರುವಾಗ ನಿಮ್ಮ ಲೆಕ್ಕವನ್ನೂ ಬರೆದುಕೊಂಡು ಬನ್ನಿ. ನಮ್ಮ ಉತ್ತರವನ್ನು ತಾಳೆ ಹಾಕಿ ನೋಡಿ. ತಂಗಿಯನ್ನೂ ಜೊತೆಗೆ ಕರೆತನ್ನಿ. ಅವಳ ಮುಂದೆಯೇ ಲೆಕ್ಕ ಆಗಲಿ, ತನ್ನ ಅಂಕಿಯನ್ನು ಅವಳೇ ಓದಿ ಹೇಳಲಿ. ಆಮೇಲೆ ಅವಳು ಪಡೆಯುವುದೋ ಬಿಡುವುದೋ, ಅದು ತಿಳಿದು ಮಾಡಿದ ತೀರ್ಮಾನವಾಗುತ್ತದೆ.

ಅಲ್ಲಾಹನು ನಮ್ಮ ವ್ಯವಹಾರಗಳಲ್ಲಿ ನ್ಯಾಯವನ್ನೂ ನಮ್ಮ ಮಕ್ಕಳಿಗೆ ಉಪಯುಕ್ತ ಜ್ಞಾನವನ್ನೂ ದಯಪಾಲಿಸಲಿ. ಹಕ್ಕುದಾರರ ಹಕ್ಕನ್ನು ಅವರ ಕೈಗೇ ತಲುಪಿಸುವ ತೌಫೀಕ್ ನೀಡಲಿ. ಆಮೀನ್.